ಬಾಣ ಹೊರಗ ಬಂತು

ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ. ಈ ಕಡೆಯ ಸೈಬರ್ ಕೆಫೆಗಳಲ್ಲಿ ಇಪ್ಪತ್ತು ವರ್ಷಗಳ ಹಿಂದೆ ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟು ಆಟ ಆಡಿದವರಿಗೆ ಒಂದು ತೊಂದರೆ ನೆನಪಿರಬೇಕು. 'ಪ್ರಾಜೆಕ್ಟ್ ಐಜಿಐ' ಆಟದಲ್ಲಿ ಬಂದೂಕು ಹಿಡಿದು ಕಾವಲು ಗೋಪುರದ ಕಡೆ ತಿರುಗುತ್ತಿರುತ್ತೀರಿ. ಇದ್ದಕ್ಕಿದ್ದಂತೆ ಪರದೆಯ ನಡುವೆ ಬಿಳಿ ಬಾಣವೊಂದು ಬಂದು ನಿಲ್ಲುತ್ತದೆ. ಕೈ ಆಡಿಸಿದರೆ ಆ ಬಾಣ ಓಡಾಡುತ್ತದೆ, ಬಂದೂಕು ಮಾತ್ರ ಅಲ್ಲಾಡುವುದಿಲ್ಲ. ಅಷ್ಟರಲ್ಲಿ ಎದುರಿನವನು ಗುಂಡು ಹಾರಿಸಿರುತ್ತಾನೆ. 'ಬಾಣ ಹೊರಗ ಬಂತು' ಎಂದು ಹುಡುಗರು ಕೂಗುತ್ತಿದ್ದರು. ಯಾರೋ ಒಬ್ಬ ಎದ್ದು ಬಂದು ಎರಡು ಕೀಲಿ ಒತ್ತಿ ಸರಿಮಾಡುತ್ತಿದ್ದ.

ಇಷ್ಟು ಸಣ್ಣ ಸಂಗತಿಗೆ ಇತಿಹಾಸವೆಲ್ಲಿಂದ ಬರಬೇಕು ಎಂದು ಕೇಳಬಹುದು. ಕರ್ನಾಟಕದ ಕಂಪ್ಯೂಟರಿನ ಇತಿಹಾಸವೆಂದರೆ ನಮಗೆ ಬೆಂಗಳೂರು, ದೊಡ್ಡ ಕಂಪನಿಗಳು, ರಫ್ತಿನ ಅಂಕಿಗಳು. ಆದರೆ ಯಂತ್ರವೊಂದು ಒಂದು ಊರಿಗೆ ನಿಜವಾಗಿ ಬರುವುದು ಅದು ಕೆಟ್ಟಾಗ. ಅಲ್ಲಿಯವರು ಅದನ್ನು ಸರಿಮಾಡಲು ಕಲಿತಾಗ ಅದು ಆ ಊರಿನದಾಗುತ್ತದೆ. ಬ್ರಿಟಿಷ್ ಇತಿಹಾಸಕಾರ ಡೇವಿಡ್ ಎಜರ್ಟನ್ 2006ರಲ್ಲಿ ಬರೆದ 'ದಿ ಶಾಕ್ ಆಫ್ ದಿ ಓಲ್ಡ್' ಪುಸ್ತಕದ ವಾದವೂ ಹೆಚ್ಚುಕಡಿಮೆ ಇದೇ: ತಂತ್ರಜ್ಞಾನದ ಚರಿತ್ರೆಯನ್ನು ಶೋಧಗಳಿಂದಷ್ಟೇ ಬರೆಯಬಾರದು, ಬಳಕೆಯಿಂದ ಮತ್ತು ದುರಸ್ತಿಯಿಂದಲೂ ಬರೆಯಬೇಕು. ದಾರಿ ತಪ್ಪಿದ ಈ ಬಾಣವನ್ನು ಹಾಗೆ ನೋಡಿದರೆ, ಒಂದೇ ಹೆಸರಿನಡಿ ಹಲವು ಕಾಲದ ಹಲವು ಕಾಯಿಲೆಗಳು ಕಾಣುತ್ತವೆ.

ಮೊದಲು ಬಾಣದ ಹುಟ್ಟು. 'ಕರ್ಸರ್' ಲ್ಯಾಟಿನ್ ಪದ, ಓಡುವವನು ಎಂದರ್ಥ. ಕಂಪ್ಯೂಟರಿಗಿಂತ ಮೊದಲು ಎಂಜಿನಿಯರುಗಳ ಸ್ಲೈಡ್ ರೂಲ್ ಮೇಲೆ ಅತ್ತಿತ್ತ ಸರಿಯುವ ಗಾಜಿನ ತುಂಡಿಗೆ ಈ ಹೆಸರಿತ್ತು. 1964ರ ಸುಮಾರಿಗೆ ಕ್ಯಾಲಿಫೋರ್ನಿಯಾದ ಸ್ಟ್ಯಾನ್‌ಫರ್ಡ್ ಸಂಶೋಧನಾ ಸಂಸ್ಥೆಯಲ್ಲಿ ಡಗ್ಲಸ್ ಎಂಗೆಲ್‌ಬಾರ್ಟ್ ಅವರ ಕಲ್ಪನೆಯಂತೆ ಬಿಲ್ ಇಂಗ್ಲಿಷ್ ಮೊದಲ ಮೌಸ್ ಕಟ್ಟಿದರು. ಅದೊಂದು ಮರದ ಪೆಟ್ಟಿಗೆ, ಕೆಳಗೆ ಒಂದಕ್ಕೊಂದು ಅಡ್ಡವಾಗಿ ಕೂರಿಸಿದ ಎರಡು ಗಾಲಿ. ಒಂದು ಗಾಲಿ ಎಡಬಲದ ಚಲನೆ ಅಳೆಯುತ್ತಿತ್ತು, ಇನ್ನೊಂದು ಮೇಲೆಕೆಳಗಿನದು. 1968ರ ಡಿಸೆಂಬರ್ 9ರಂದು ಸ್ಯಾನ್‌ಫ್ರಾನ್ಸಿಸ್ಕೋದಲ್ಲಿ ಎಂಗೆಲ್‌ಬಾರ್ಟ್ ಅದನ್ನು ಸಭೆಯ ಮುಂದೆ ಆಡಿಸಿ ತೋರಿಸಿದರು. 1970ರಲ್ಲಿ ದೊರೆತ ಪೇಟೆಂಟಿನಲ್ಲಿ ಅದರ ಹೆಸರು ಮೌಸ್ ಅಲ್ಲ, ಪರದೆಯ ಮೇಲಿನ ಸ್ಥಾನ ತೋರಿಸುವ ಸಾಧನ. ಈ ಮಾತನ್ನು ನೆನಪಿಡಿ. ಮೌಸ್ ಹುಟ್ಟಿದ್ದು ಕಾಗದಪತ್ರದ ಕೆಲಸಕ್ಕೆ, ಸ್ಥಾನ ತೋರಿಸುವುದಕ್ಕೆ. ಆಟದಲ್ಲಿ ತಿರುಗುವುದಕ್ಕಲ್ಲ.

ಮೊದಲ ಕಾಯಿಲೆ ದೂಳಿನದು. ಗಾಲಿಗಳ ಜಾಗಕ್ಕೆ 1970ರ ದಶಕದಲ್ಲಿ ಗುಂಡು ಬಂತು. ರಬ್ಬರ್ ಹೊದ್ದ ಆ ಗುಂಡು ಉರುಳಿದಾಗ ಒಳಗಿನ ಎರಡು ಸಣ್ಣ ಉರುಳೆಗಳು ತಿರುಗುತ್ತವೆ. ಉರುಳೆಯ ತುದಿಯ ಸೀಳು ಬಿಲ್ಲೆ ಬೆಳಕನ್ನು ಕತ್ತರಿಸುತ್ತದೆ, ಆ ಕತ್ತರಿಕೆಗಳನ್ನು ಎಣಿಸಿ ಕಂಪ್ಯೂಟರ್ ಬಾಣವನ್ನು ಸರಿಸುತ್ತದೆ. ಉರುಳೆಗೆ ಕೈಯ ಕೊಳೆ, ನೂಲಿನ ಎಳೆ ಸುತ್ತಿಕೊಂಡರೆ ಎಣಿಕೆ ತಪ್ಪುತ್ತದೆ. ಬಾಣ ಒಂದು ದಿಕ್ಕಿಗೆ ಓಡಿ ಇನ್ನೊಂದು ದಿಕ್ಕಿಗೆ ಮುಷ್ಕರ ಹೂಡುತ್ತದೆ. ಹತ್ತಿಯ ಪೇಟೆಯೂ ನೇಕಾರರ ಓಣಿಗಳೂ ಇರುವ ಗದಗ-ಬೆಟಗೇರಿಯಲ್ಲಿ ಎಳೆಗೆ ಬರವೇ? ಮದ್ದು ಸರಳ: ಮೌಸ್ ಬೋರಲು ಹಾಕಿ, ಮುಚ್ಚಳ ತಿರುಗಿಸಿ, ಗುಂಡು ತೆಗೆದು, ಉರುಳೆಯ ಮೇಲಿನ ಕಪ್ಪು ಪಟ್ಟಿಯನ್ನು ಉಗುರಿನಿಂದಲೋ ಪಿನ್ನಿನಿಂದಲೋ ಕೆರೆಯುವುದು.

ಎರಡನೆಯದು ಬೆಳಕಿನ ಕಾಯಿಲೆ. 1999ರಲ್ಲಿ ಮೈಕ್ರೋಸಾಫ್ಟ್ ತಂದ ಇಂಟೆಲ್ಲಿಐ ಮೌಸಿನಲ್ಲಿ ಗುಂಡಿರಲಿಲ್ಲ. ಕೆಂಪು ದೀಪವೊಂದು ಮೇಜನ್ನು ಬೆಳಗುತ್ತದೆ, ಪುಟ್ಟ ಕ್ಯಾಮೆರಾ ಸೆಕೆಂಡಿಗೆ 1500 ಚಿತ್ರ ತೆಗೆದು ಒಂದನ್ನೊಂದು ಹೋಲಿಸಿ ಎಷ್ಟು ಸರಿದಿದೆ ಎಂದು ಲೆಕ್ಕ ಹಾಕುತ್ತದೆ. ಹೋಲಿಸಲು ಮೇಜಿನ ಮೇಲೆ ಏನಾದರೂ ಗುರುತಿರಬೇಕು. ನುಣುಪು ಗಾಜು, ಹೊಳೆಯುವ ಸನ್‌ಮೈಕಾ ಇದ್ದರೆ ಕ್ಯಾಮೆರಾಕ್ಕೆ ದಿಕ್ಕು ತೋಚದು, ಬಾಣ ನಿಂತಲ್ಲೇ ನಡುಗುತ್ತದೆ. ನಮ್ಮ ಕೆಫೆಗಳ ಮೇಜುಗಳೋ ಹೆಚ್ಚಾಗಿ ಸನ್‌ಮೈಕಾದವೇ. ಮೌಸಿನ ಕೆಳಗೆ ಹಳೆಯ ದಿನಪತ್ರಿಕೆ ಮಡಚಿ ಇಡುತ್ತಿದ್ದುದು ಬರೀ ಅಭ್ಯಾಸವಲ್ಲ. ಕಾಗದದ ಒರಟು, ಅಚ್ಚಿನ ಚುಕ್ಕಿ ಆ ಕ್ಯಾಮೆರಾಕ್ಕೆ ಓದಲು ಅಕ್ಷರವಾಗುತ್ತಿತ್ತು.

ಮೂರನೆಯದೇ ನಿಜವಾದ ಆಟದ ಕಾಯಿಲೆ. ಅದಕ್ಕೆ ಸ್ವಲ್ಪ ಹಿಂದೆ ಹೋಗಬೇಕು. 1993ರ 'ಡೂಮ್' ಓಡುತ್ತಿದ್ದುದು ಡಾಸ್ ಮೇಲೆ. ಅಲ್ಲಿ ಒಂದು ಸಲಕ್ಕೆ ಒಂದೇ ಕಾರ್ಯಕ್ರಮ. ಆಟ ಶುರುವಾದರೆ ಇಡೀ ಯಂತ್ರ ಅದರದೇ. ಕೈ ಎಷ್ಟು ಸರಿಯಿತು ಎಂದು ಅದು ಮೌಸಿನ ಚಾಲಕ ತಂತ್ರಾಂಶವನ್ನು ನೇರವಾಗಿ ಕೇಳುತ್ತಿತ್ತು, ಬಾಣದ ಮಾತೇ ಬರುತ್ತಿರಲಿಲ್ಲ. 1995ರಲ್ಲಿ ವಿಂಡೋಸ್ 95 ಬಂದ ಮೇಲೆ ಆಟಗಳೂ ಅಲ್ಲಿಗೆ ವಲಸೆ ಹೋದವು. ಅಲ್ಲಿ ಆಟವು ಮನೆಯೊಡೆಯನಲ್ಲ, ಹಲವು ಬಾಡಿಗೆದಾರರಲ್ಲಿ ಒಬ್ಬ. ಬಾಣ ಮಾತ್ರ ಮನೆಯೊಡೆಯನಾದ ವಿಂಡೋಸಿನದು.

ತೊಂದರೆ ಇಲ್ಲಿದೆ. ವಿಂಡೋಸಿನ ಬಾಣಕ್ಕೆ ಯಾವಾಗಲೂ ಒಂದು ವಿಳಾಸವಿರುತ್ತದೆ: ಇಷ್ಟನೇ ಅಡ್ಡಸಾಲು, ಇಷ್ಟನೇ ಉದ್ದಸಾಲು. ಪರದೆಯ ಅಂಚಿಗೆ ಬಂದರೆ ಅದು ನಿಲ್ಲಲೇಬೇಕು. ಆಟದಲ್ಲಿ ಬಲಕ್ಕೆ ತಿರುಗುವವನಿಗೆ ಅಂಚೇ ಇಲ್ಲ, ಅವನು ಸುತ್ತುತ್ತಲೇ ಇರಬಹುದು. ನಿಲ್ಲುವ ಬಾಣದಿಂದ ನಿಲ್ಲದ ತಿರುಗಾಟ ಹೇಗೆ ಪಡೆಯುವುದು? ಇದಕ್ಕೆ ಕಂಡುಕೊಂಡ ಉಪಾಯವನ್ನು ನಾವೇ ಓದಿ ನೋಡಬಹುದು, ಏಕೆಂದರೆ 'ಕ್ವೇಕ್' ಆಟದ ಮೂಲ ಸಂಕೇತವನ್ನು 1999ರ ಡಿಸೆಂಬರಿನಲ್ಲಿ ಎಲ್ಲರಿಗೂ ಬಿಟ್ಟುಕೊಟ್ಟರು. ಅದರ ವಿಂಡೋಸ್ ಆವೃತ್ತಿ ಮೂರು ಕೆಲಸ ಮಾಡುತ್ತದೆ. ಬಾಣವನ್ನು ಮರೆಮಾಡುತ್ತದೆ. ಅದು ಆಟದ ಚೌಕಟ್ಟು ದಾಟದಂತೆ ಬೇಲಿ ಹಾಕುತ್ತದೆ. ಆಮೇಲೆ ಮತ್ತೆ ಮತ್ತೆ, ಬಾಣ ನಡುವಿನಿಂದ ಎಷ್ಟು ಸರಿದಿದೆ ಎಂದು ನೋಡಿ, ಅಷ್ಟು ತಿರುಗಿಸಿ, ಬಾಣವನ್ನು ಎಳೆದು ತಂದು ನಡುವೆ ಕೂರಿಸುತ್ತದೆ. ಆಟಗಾರ ಸುತ್ತುತ್ತಿದ್ದೇನೆಂದು ತಿಳಿಯುತ್ತಾನೆ. ಮರೆಯಲ್ಲಿರುವ ಬಾಣವು ಹಗ್ಗ ಕಟ್ಟಿದ ಕರುವಿನಂತೆ ಎರಡು ಹೆಜ್ಜೆ ಹೋಗಿ ಗೂಟಕ್ಕೇ ಮರಳುತ್ತಿರುತ್ತದೆ.

ಬೆಟಗೇರಿಯ ನೇಕಾರರಿಗೆ ಈ ಏರ್ಪಾಟು ಹೊಸದೆನಿಸದು. 1733ರಲ್ಲಿ ಇಂಗ್ಲೆಂಡಿನ ಜಾನ್ ಕೇ ಹಾರುವ ಲಾಳಿಗೆ ಪೇಟೆಂಟ್ ಪಡೆದಾಗ ಲಾಳಿಯ ಓಟವೇನೋ ಹೆಚ್ಚಿತು. ಆದರೆ ಓಡುವುದು ದಾರಿ ಬಿಡದಂತೆ ಎರಡು ತುದಿಗೂ ಪೆಟ್ಟಿಗೆ ಬೇಕಾಯಿತು. ಮುಂದೆ ವಿದ್ಯುತ್ ಮಗ್ಗಗಳಲ್ಲಿ ಲಾಳಿ ಸಿಡಿದು ಕೆಲಸಗಾರರಿಗೆ ಗಾಯವಾಗತೊಡಗಿದಾಗ ಕಾವಲು ಸರಳುಗಳನ್ನೂ ಕೂರಿಸಿದರು. ಓಡುವ ವಸ್ತುವನ್ನು ಕಂಡುಹಿಡಿದವರ ಹೆಸರು ಉಳಿಯುತ್ತದೆ. ಅದು ಸಿಡಿಯದಂತೆ ದಿನವೂ ಪೆಟ್ಟಿಗೆ ಬಿಗಿ ಮಾಡಿದವರ ಹೆಸರು ಉಳಿಯುವುದಿಲ್ಲ.

ಬಾಣದ ಪೆಟ್ಟಿಗೆ ಯಾವಾಗ ಸಡಿಲುತ್ತಿತ್ತು? ಬೇರೆ ಬಾಡಿಗೆದಾರ ಬಾಗಿಲು ಬಡಿದಾಗ. ಆಂಟಿವೈರಸ್ ಎಚ್ಚರಿಕೆಯ ಡಬ್ಬಿ ತೆರೆದರೆ ವಿಂಡೋಸ್ ತನ್ನ ಗಮನವನ್ನು ಆಟದಿಂದ ಕಿತ್ತು ಅದಕ್ಕೆ ಕೊಡುತ್ತದೆ. ಬೇಲಿ ಬೀಳುತ್ತದೆ, ಬಾಣ ಹೊರಗೆ ಬರುತ್ತದೆ. ಕೆಫೆಯ ಲೆಕ್ಕದ ತಂತ್ರಾಂಶ 'ಇನ್ನು ಐದು ನಿಮಿಷ' ಎಂದರೂ ಅಷ್ಟೇ. ಅವಸರದಲ್ಲಿ ಬೆರಳು ವಿಂಡೋಸ್ ಕೀಲಿಗೆ ತಗುಲಿದರೂ ಅಷ್ಟೇ, ಅದಕ್ಕೇ ಆಟಗಾರರಲ್ಲಿ ಆ ಕೀಲಿಯನ್ನೇ ಕಿತ್ತಿಡುವ ರೂಢಿ ಬೆಳೆಯಿತು. ಈಗಿನ ದುಬಾರಿ ಆಟದ ಕೀಲಿಮಣೆಗಳು ಅದೇ ಕೀಲಿಯನ್ನು ನಿಷ್ಕ್ರಿಯಗೊಳಿಸಲು ಪ್ರತ್ಯೇಕ ಗುಂಡಿ ಕೊಡುತ್ತವೆ. ಉಳಿದ ಮದ್ದು ಆಲ್ಟ್ ಮತ್ತು ಟ್ಯಾಬ್ ಒತ್ತಿ ಹೊರಗೆ ಹೋಗಿ, ಮತ್ತೆ ಒತ್ತಿ ಒಳಗೆ ಬರುವುದು. ಒಳಗೆ ಬಂದ ಕ್ಷಣ ಆಟ ಬೇಲಿಯನ್ನು ಹೊಸದಾಗಿ ಹಾಕುತ್ತದೆ. ಕಾರಣ ಗೊತ್ತಿಲ್ಲದಿದ್ದರೂ ಈ ಮದ್ದು ಒಬ್ಬರ ಕೈಯಿಂದ ಒಬ್ಬರಿಗೆ ದಾಟುತ್ತಿತ್ತು.

ನನಗೆ ಇಲ್ಲಿ ಮುಖ್ಯವೆನಿಸುವುದು ಇದು: ಹೊರಗೆ ಬಂದ ಬಾಣವು ಯಂತ್ರ ಯಾರದು ಎಂಬುದನ್ನು ಬಯಲು ಮಾಡುತ್ತಿತ್ತು. ಸ್ವಂತ ಕಂಪ್ಯೂಟರ್ ಇದ್ದವನು ಆಂಟಿವೈರಸ್ಸಿಗೆ ಸುಮ್ಮನಿರಲು ಹೇಳಬಹುದಿತ್ತು. ಗಂಟೆ ಲೆಕ್ಕದಲ್ಲಿ ಕೂತವನಿಗೆ ಆ ಅಧಿಕಾರವಿರಲಿಲ್ಲ. ಮುಂಡರಗಿಯ ಹುಡುಗ ಆಟ ನಿಂತಾಗೆಲ್ಲ ತಾನು ಬಾಡಿಗೆ ಯಂತ್ರದ ಮುಂದಿದ್ದೇನೆ ಎಂದು ಇನ್ನೊಮ್ಮೆ ತಿಳಿಯುತ್ತಿದ್ದ. ಆ ಅಧಿಕಾರವಿಲ್ಲದೆಯೂ ಕೆಲಸ ಸಾಧಿಸುವ ದಾರಿ ಹುಡುಕಿದ್ದೇ ಅವನ ಕಂಪ್ಯೂಟರ್ ಶಿಕ್ಷಣವಾಯಿತು.

ಕಾಯಿಲೆ ಈಗಲೂ ಹೋಗಿಲ್ಲ, ವೇಷ ಬದಲಿಸಿದೆ. ಒಂದೇ ಕಂಪ್ಯೂಟರಿಗೆ ಎರಡು ಪರದೆ ಜೋಡಿಸಿದರೆ ವಿಂಡೋಸ್ ಎರಡನ್ನೂ ಒಂದೇ ಬಯಲೆಂದು ಎಣಿಸುತ್ತದೆ. ಆಟ ಬೇಲಿ ಹಾಕಲು ಮರೆತರೆ ಬಾಣ ಪಕ್ಕದ ಪರದೆಗೆ ಜಾರುತ್ತದೆ, ಅಲ್ಲಿ ಕ್ಲಿಕ್ ಮಾಡಿದೊಡನೆ ಆಟ ಕೈಬಿಡುತ್ತದೆ. ಸ್ವಾತಂತ್ರ್ಯಕ್ಕೆ ಮುಂಚೆ ಗದಗ ಮುಂಬೈ ಪ್ರಾಂತ್ಯದ ಧಾರವಾಡ ಜಿಲ್ಲೆಯಲ್ಲಿತ್ತು, ಲಕ್ಷ್ಮೇಶ್ವರ ಮಿರಜ್ ಸಂಸ್ಥಾನದಲ್ಲಿ, ಶಿರಹಟ್ಟಿ ಸಾಂಗ್ಲಿ ಸಂಸ್ಥಾನದಲ್ಲಿ. ಬಂಡಿ ಹೂಡಿಕೊಂಡು ಹೊರಟವನ ಕಣ್ಣಿಗೆ ಅದೇ ಎರೆಹೊಲ, ಅದೇ ಕನ್ನಡ. ರಾಜ್ಯ ಬದಲಾದದ್ದು ಕಾಗದದ ಮೇಲೆ ಮಾತ್ರ. ಎರಡು ಪರದೆಯ ನಡುವಿನ ಗಡಿಯೂ ಅಂಥದ್ದೇ, ಕಾವಲಿದ್ದರಷ್ಟೇ ಗಡಿ. ಆಟವನ್ನು ಪೂರ್ಣ ಪರದೆಗೆ ಹಾಕುವುದು, ಎರಡನೆಯ ಪರದೆಯನ್ನು ತಾತ್ಕಾಲಿಕವಾಗಿ ಆರಿಸುವುದು, ಆಟದ ಸೆಟ್ಟಿಂಗಿನಲ್ಲಿ ಬಾಣವನ್ನು ಚೌಕಟ್ಟಿನೊಳಗೆ ಬೀಗ ಹಾಕುವ ಆಯ್ಕೆ ಇದ್ದರೆ ಅದನ್ನು ಒತ್ತುವುದು ಇಂದಿನ ಮದ್ದುಗಳು. 2001ರ ವಿಂಡೋಸ್ ಎಕ್ಸ್‌ಪಿಯಿಂದಾಚೆ ಬಾಣವನ್ನು ಕೇಳದೆ ಮೌಸಿನ ಚಲನೆಯನ್ನೇ ನೇರ ಪಡೆಯುವ ಮಾರ್ಗವೂ ಆಟಗಳಿಗೆ ದೊರೆತಿದೆ. ಬ್ರೌಸರುಗಳೊಳಗಿನ ಆಟಗಳಿಗೆಂದು ಬಾಣವನ್ನು ಕಟ್ಟಿಹಾಕುವ 'ಪಾಯಿಂಟರ್ ಲಾಕ್' 2016ರಲ್ಲಿ ಜಾಗತಿಕ ಮಾನದಂಡವಾಯಿತು. ಡಾಸ್ ಕಾಲದಲ್ಲಿ ಸುಮ್ಮನೆ ಸಿಗುತ್ತಿದ್ದುದನ್ನು ಮರಳಿ ಪಡೆಯಲು ಇಷ್ಟು ವರ್ಷ ಹಿಡಿಯಿತು.

ಕ್ವೇಕಿನ ಸಂಕೇತ ಉಳಿದಿದೆ, ಎಂಗೆಲ್‌ಬಾರ್ಟರ ಪೇಟೆಂಟ್ ಉಳಿದಿದೆ. ನಮ್ಮ ಕೆಫೆಗಳದು ಏನು ಉಳಿದಿದೆ? ಕೇಂದ್ರ ಸರ್ಕಾರದ 2011ರ ಸೈಬರ್ ಕೆಫೆ ನಿಯಮಗಳು ಬಂದವರ ಗುರುತು, ಬಂದ ಹೊತ್ತು, ಹೋದ ಹೊತ್ತು ಬರೆದಿಡಬೇಕೆಂದವು. ಕೂರುವ ಗೂಡುಗಳ ಗೋಡೆ ನಾಲ್ಕೂವರೆ ಅಡಿಗಿಂತ ಎತ್ತರವಿರಬಾರದು ಎಂದೂ ಹೇಳಿದವು. ದಾಖಲೆಯನ್ನು ಕನಿಷ್ಠ ಒಂದು ವರ್ಷ ಇಟ್ಟರೆ ಸಾಕಿತ್ತು. ಅದು ಅನುಮಾನದ ಕಣ್ಣಿನ ದಾಖಲೆ, ಯಾರು ಬಂದರು ಎಂದು ಕೇಳುತ್ತದೆ, ಏನು ಕಲಿತರು ಎಂದು ಕೇಳುವುದಿಲ್ಲ. 2016ರ ನಂತರ ಅಗ್ಗದ ಡೇಟಾ ಬಂದು ಆಟಗಳು ಮೊಬೈಲಿಗೆ ಸರಿದವು. ಅಲ್ಲಿ ಬೆರಳೇ ಬಾಣ, ಹೊರಗೆ ಬರಲು ಏನೂ ಇಲ್ಲ. ಒಂದೊಂದಾಗಿ ಕೆಫೆಗಳ ಜಾಗದಲ್ಲಿ ಜೆರಾಕ್ಸ್ ಅಂಗಡಿ, ಮೊಬೈಲ್ ರಿಪೇರಿ ಅಂಗಡಿಗಳು ಬಂದವು.

ಪುಲಿಗೆರೆಯ, ಅಂದರೆ ಇಂದಿನ ಲಕ್ಷ್ಮೇಶ್ವರದ, ಕಲ್ಲುಶಾಸನಗಳನ್ನು ಓದಿ ನಾವು ಸಾವಿರ ವರ್ಷ ಹಿಂದಿನ ದಾನದ ವಿವರ ಹೇಳಬಲ್ಲೆವು. ಇಪ್ಪತ್ತು ವರ್ಷ ಹಿಂದೆ ಅದೇ ಊರಿನಲ್ಲಿ ಕಂಪ್ಯೂಟರ್ ರಿಪೇರಿ ಮಾಡುವುದನ್ನು ಹುಡುಗರು ಹೇಗೆ ಕಲಿತರು ಎಂದು ಕೇಳಿದರೆ ತೋರಿಸಲು ಒಂದು ಹಾಳೆಯಿಲ್ಲ. ಆದರೆ ಆ ಹುಡುಗರಿಗೆ ಈಗ ಮೂವತ್ತೈದು, ನಲವತ್ತು. ಕೆಫೆ ನಡೆಸಿದವರು ಇನ್ನೂ ಊರಲ್ಲೇ ಇದ್ದಾರೆ. ನೀವು ಅಂಥವರಾಗಿದ್ದರೆ ಯಾವ ವರ್ಷ ಎಷ್ಟು ಯಂತ್ರ ಇಟ್ಟಿದ್ದಿರಿ, ಗಂಟೆಗೆ ಎಷ್ಟು ಪಡೆಯುತ್ತಿದ್ದಿರಿ, ಮೌಸ್ ಕೆಟ್ಟರೆ ಏನು ಮಾಡುತ್ತಿದ್ದಿರಿ, ಅದನ್ನು ಹೇಳಿಕೊಟ್ಟವರು ಯಾರು ಎಂದು ಬರೆದಿಡಿ. ಅಟ್ಟದ ಮೇಲೆ ಹಳೆಯ ರಿಜಿಸ್ಟರ್ ಇದ್ದರೆ ರದ್ದಿಗೆ ಹಾಕಬೇಡಿ.