ಫರ್ನ್‌ಹಿಲ್ ಅರಮನೆ: ಮೈಸೂರು ಮನೆತನದ ಬೆಟ್ಟದ ಮನೆ



ಮೈಸೂರು ಸೀಮೆಯಿಂದ ಸೋಲೂರಿಗೆ ಬರುವ ನೆಂಟರಿಷ್ಟರು ಊಟಿಯನ್ನು ನೋಡಿ ಬಂದ ಮೇಲೆ ಕೇಳುವ ಮಾತೊಂದಿದೆ: "ನಮ್ಮ ಮಹಾರಾಜರ ಅರಮನೆ ತಮಿಳುನಾಡಿನಲ್ಲಿ ಹೇಗೆ?" ಅದಕ್ಕೆ ಉತ್ತರವಾಗಿ ಈ ನಾಲ್ಕು ಮಾತು.

ಕನ್ನಡ ನಾಡಿಗೂ ನೀಲಗಿರಿಗೂ ನಂಟು ಬಹಳ ಹಳೆಯದು. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸನು ತೊದವರನ್ನು ಬೆದರಿಸಿ ನೀಲಗಿರಿಯನ್ನು ಹಿಡಿದನೆಂದು ಚಾಮರಾಜನಗರದ 1117ರ ಶಾಸನ ಸಾರುತ್ತದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಈ ಬೆಟ್ಟ ಇಂಗ್ಲಿಷ್ ಕಂಪನಿಯ ಪಾಲಾಯಿತು. ಕೊಯಮತ್ತೂರಿನ ಕಲೆಕ್ಟರ್ ಜಾನ್ ಸಲಿವನ್ ತೊದವರಿಂದ ಎಕರೆಗೆ ಒಂದು ರೂಪಾಯಿಯಂತೆ ಜಾಗ ಕೊಂಡು, 1822ರಲ್ಲಿ ಊಟಿಯಲ್ಲಿ 'ಕಲ್ಲು ಬಂಗಲೆ' ಕಟ್ಟಿಸಲು ಆರಂಭಿಸಿದರು. ಅವರ ಹಿಂದೆಯೇ ಮತ್ತಷ್ಟು ಇಂಗ್ಲಿಷರು ಬಂದು ಬಂಗಲೆಗಳನ್ನು ಕಟ್ಟಿಕೊಂಡರು.

ಅಂಥವುಗಳಲ್ಲಿ ಒಂದು, 1844ರಲ್ಲಿ ಕ್ಯಾಪ್ಟನ್ ಕಾಟನ್ ಕಟ್ಟಿಸಿದ ಫರ್ನ್‌ಹಿಲ್. 1873ರಲ್ಲಿ ಇದು ಮೈಸೂರು ಮಹಾರಾಜರ ಕೈಗೆ ಬಂತು. ಆಗ ಹತ್ತನೆಯ ಚಾಮರಾಜೇಂದ್ರ ಒಡೆಯರು ಹತ್ತು ವರ್ಷದ ಬಾಲಕರು. ರಾಜ್ಯದ ಆಡಳಿತ ಬ್ರಿಟಿಷ್ ಕಮಿಷನರ ಕೈಯಲ್ಲಿತ್ತು. ಅದು ಒಡೆಯರಿಗೆ ಮರಳಿದ್ದು 1881ರಲ್ಲಿ. ಎಂದರೆ, ರಾಜ್ಯ ಕೈಗೆ ಬರುವ ಎಂಟು ವರ್ಷ ಮೊದಲೇ ಬೆಟ್ಟದ ಮನೆ ಬಂದಿತ್ತು. ಬೇಸಿಗೆಯಲ್ಲಿ ರಾಜಮನೆತನ ಇಲ್ಲಿ ತಂಗುತ್ತಿತ್ತು. ನೃತ್ಯಶಾಲೆಯ ಛಾವಣಿಯ ಚಿತ್ತಾರ ಅರೆದ ಕಾಗದದಿಂದ ಮಾಡಿದ್ದು. 1908ರಲ್ಲಿ ಊಟಿಗೆ ರೈಲು ಬಂತು. ಲವ್‌ಡೇಲ್ ದಾಟಿದರೆ ಸಿಗುವ ನಿಲ್ದಾಣಕ್ಕೂ ಫರ್ನ್‌ಹಿಲ್ ಎಂದೇ ಹೆಸರು.

ಫ್ರಾನ್ಸ್ ದೇಶದಲ್ಲಿ ಕೋಟೆಯಂಥ ಮನೆ, ಸುತ್ತ ದ್ರಾಕ್ಷಿ ತೋಟ, ಎರಡೂ ಒಂದೇ ಮನೆತನದ್ದು ಎಂಬ ವಾಡಿಕೆಯುಂಟು. ನಮ್ಮ ಚಳಿ ಮಂಜಿಗೆ ದ್ರಾಕ್ಷಿ ಒಗ್ಗದು. ಇಲ್ಲಿ ಚಹಾ, ಆಲೂಗಡ್ಡೆಯೇ ಸರಿ. ಬೆಂಗಳೂರಿನ ಸೀಮೆ ಬೇರೆ. ಅಲ್ಲಿಯ ನೀಲಿ ದ್ರಾಕ್ಷಿಗೆ 2013ರಲ್ಲಿ ಭೌಗೋಳಿಕ ಗುರುತು ಸಿಕ್ಕಿತು. ಅಲ್ಲಿನ ಅರಮನೆಗೂ ದೊಡ್ಡ ಹಣ್ಣಿನ ತೋಟವಿತ್ತು. ಇಂದಿನ ಸದಾಶಿವನಗರವೇ ಆ ಜಾಗ.

ಸೋಜಿಗವೆಂದರೆ ಕೋಟೆಯಂತೆ ಕಾಣುವ ಆ ಬೆಂಗಳೂರು ಅರಮನೆಯನ್ನೂ ಪಾದ್ರಿ ಗ್ಯಾರೆಟ್ ಅವರಿಂದ ಕೊಂಡದ್ದು ಅದೇ 1873ರಲ್ಲಿ. ಒಂದೇ ವರ್ಷ ಬಂದ ಎರಡು ಮನೆಗಳ ಹಣೆಬರಹ ಮಾತ್ರ ಬೇರೆಬೇರೆ. ಬೆಂಗಳೂರಿನದನ್ನು ವಶಪಡಿಸಿಕೊಳ್ಳಲು 1996ರಲ್ಲಿ ಕರ್ನಾಟಕ ಸರ್ಕಾರ ಕಾಯಿದೆಯನ್ನೇ ಮಾಡಿತು; ವ್ಯಾಜ್ಯ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಫರ್ನ್‌ಹಿಲ್ ಹೋಟೆಲಾಗಿ ನಡೆಯಿತು.

ಸ್ವಾತಂತ್ರ್ಯಾನಂತರ ಸಂಸ್ಥಾನಗಳು ವಿಲೀನವಾದಾಗ ರಾಜ್ಯದ ಆಸ್ತಿ ಬೇರೆ, ಅರಸರ ಸ್ವಂತ ಆಸ್ತಿ ಬೇರೆ ಎಂದು ಪಟ್ಟಿಯಾಯಿತು. 1971ರಲ್ಲಿ ರಾಜಧನವೂ ನಿಂತಿತು. ಆಮೇಲೆ ದೊಡ್ಡ ಮನೆಗೆ ಸುಣ್ಣ ಬಳಿಸುವುದೂ ಹೆಂಚು ಹೊದಿಸುವುದೂ ಮನೆತನದವರ ಹೊರೆ. ಮಳೆಗಾಲ ಕಂಡ ನಮಗೆ ಅದರ ಖರ್ಚು ಗೊತ್ತು. ಹೋಟೆಲು ಮಾಡಿದರೆಂದು ಹಗುರವಾಗಿ ಆಡುವವರು ಇದನ್ನು ಯೋಚಿಸಬೇಕು. ಶ್ರೀಕಂಠದತ್ತ ನರಸಿಂಹರಾಜ ಒಡೆಯರು 2013ರಲ್ಲಿ ತೀರಿಕೊಂಡರು. 2015ರಲ್ಲಿ ಯದುವೀರರು ದತ್ತು ಬಂದು ಮನೆತನ ಮುಂದುವರಿಯಿತು.

ಅಂಗಡಿಯವನಾಗಿ ನಾನು ಕಂಡುಕೊಂಡ ಪಾಠ ಇಷ್ಟು: ಆಳ್ವಿಕೆ ಹೋದರೂ ಕ್ರಯಪತ್ರ ಉಳಿಯುತ್ತದೆ. ಯಾವುದು ಸ್ವಂತದ್ದು, ಯಾವುದು ಹತ್ತು ಜನರದ್ದು ಎಂದು ಕಾಗದದಲ್ಲಿ ಸ್ಪಷ್ಟವಿದ್ದರೆ ಮುಂದಿನವರಿಗೆ ಜಗಳವಿಲ್ಲ. ದೇವಸ್ಥಾನದ ಜಮೀನು, ಒಡವೆ, ಪಾತ್ರೆಗಳಿಗೂ ಇದೇ ಮಾತು. ಹಿರಿಯರ ಬಳಿ ಹಳೆಯ ಪತ್ರಗಳಿದ್ದರೆ ಅವನ್ನು ಜೋಪಾನ ಮಾಡೋಣ.