ಲೈಸೆನ್ಸ್ ಕೊಡೋದು ಸರ್ಕಾರ, ಬಾಗಿಲು ಹಾಕೋರು ಯಾರು?



ಹೋಟೆಲ್, ಕಟಿಂಗ್ ಶಾಪ್‌ಗಳ ಲೈಸೆನ್ಸ್ ನವೀಕರಣ ಅಂದ್ರೆ ನಮ್ಮವರು ‘ಅದು ನಮಗ್ಯಾಕ ಬಿಡ್ರಿ’ ಅಂತಾರ. ಮೊದಲು ಬೇಕಾದ್ದೇ ನಮಗೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಸೀಮೆಯಲ್ಲಿ ನಮ್ಮ ಜನ ಪೆಟ್ಟು ತಿಂದದ್ದು ಹೊಲಕ್ಕಾಗಿ ಮಾತ್ರ ಅಲ್ಲ, ಒಂದು ಕಪ್ ಚಹಾಕ್ಕಾಗಿ, ಒಂದು ಕಟಿಂಗ್‌ಗಾಗಿ.

ಇತಿಹಾಸ ಸ್ವಲ್ಪ ನೋಡೋಣ. 1948ರ ಸೆಪ್ಟೆಂಬರ್ 17ಕ್ಕೆ ನಮ್ಮ ಸೀಮೆ ನಿಜಾಮನ ಆಳ್ವಿಕೆಯಿಂದ ಬಿಡುಗಡೆ ಆಯ್ತು. ಎರಡೂವರೆ ತಿಂಗಳು ತುಂಬೋದರೊಳಗೆ, ನವೆಂಬರ್ 29ರಂದು, ದೆಹಲಿಯ ಸಂವಿಧಾನ ಸಭೆ ಅಸ್ಪೃಶ್ಯತೆ ರದ್ದು ಮಾಡುವ ವಿಧಿ ಒಪ್ಪಿತು. ಅಂಗಡಿ, ಹೋಟೆಲ್‌ಗಳಲ್ಲಿ ಭೇದ ಮಾಡಬಾರದು ಅನ್ನುವ ವಿಧಿಯ ಚರ್ಚೆಯೂ ಅವತ್ತೇ ನಡೀತು. ‘ಅಂಗಡಿ’ ಅಂದ್ರೇನು ಅನ್ನೋ ಪ್ರಶ್ನೆ ಎದ್ದಾಗ ಬಾಬಾಸಾಹೇಬರು ಆ ಪದವನ್ನು ವಿಶಾಲ ಅರ್ಥದಲ್ಲಿ ಬಿಡಿಸಿ ಹೇಳಿದ್ರು: ಕೇಳಿ ಬಂದವರಿಗೆ ಸೇವೆ ಕೊಡುವ ಜಾಗ ಯಾವುದಿದ್ದರೂ ಅದು ಅಂಗಡಿಯೇ. ಕ್ಷೌರದಂಗಡಿಗೆ ಬಾಗಿಲು ತೆಗೆದದ್ದು ಆ ಅರ್ಥ.

1955ರಲ್ಲಿ ಕಾನೂನು ಬಂತು. 1976ರಲ್ಲಿ ಅದೇ ಬಿಗಿಯಾಗಿ ‘ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆ’ ಆಯ್ತು. ಕಲಂ 4 ಅಂಗಡಿ, ಹೋಟೆಲ್ ಪ್ರವೇಶದ್ದು. ಕಲಂ 6 ಸಾಮಾನು ಅಥವಾ ಸೇವೆ ನಿರಾಕರಿಸೋದರ ಬಗ್ಗೆ. ಕಲಂ 8 ಓದಿಕೊಳ್ಳಿ: ಕಲಂ 6ರಡಿ ಶಿಕ್ಷೆಯಾದವನ ವ್ಯಾಪಾರದ ಲೈಸೆನ್ಸನ್ನು ಕೋರ್ಟೇ ರದ್ದು ಮಾಡಬಹುದು, ಅಮಾನತಿನಲ್ಲಿ ಇಡಬಹುದು. ಅಮೆರಿಕದಲ್ಲಿ ಕಪ್ಪು ವಿದ್ಯಾರ್ಥಿಗಳು ಗ್ರೀನ್ಸ್‌ಬೊರೊದ ಹೋಟೆಲ್ ಕೌಂಟರ್ ಮುಂದೆ ಕೂತು ಹೋರಾಡಿದ್ದು 1960ರಲ್ಲಿ, ಅವರಿಗೆ ಕಾನೂನು ಸಿಕ್ಕಿದ್ದು 1964ರಲ್ಲಿ. ನಮಗೆ ಕಾನೂನು ಮೊದಲೇ ಇತ್ತು. ಕೌಂಟರ್ ಮಾತ್ರ ಇನ್ನೂ ಸಿಕ್ಕಿಲ್ಲ.

ಗಂಗಾವತಿ ತಾಲ್ಲೂಕಿನ ಮರಕುಂಬಿ ನೆನಪಿರಲಿ. ಕ್ಷೌರದಂಗಡಿ, ಹೋಟೆಲ್‌ಗಳಿಗೆ ದಲಿತರನ್ನು ಬಿಡದ ಊರದು. ಅದನ್ನು ಪ್ರಶ್ನಿಸಿದ್ದಕ್ಕೆ ಊರೊಳಗೆ ಸಿಟ್ಟು ಹೊಗೆಯಾಡ್ತಿತ್ತು. 2014ರ ಆಗಸ್ಟ್ 28ರಂದು ಸಿನಿಮಾ ನೋಡೋಕೆ ಹೋದಾಗ ಆದ ಜಗಳದ ನೆಪದಲ್ಲಿ ಕೇರಿಗೆ ನುಗ್ಗಿ ಗುಡಿಸಲಿಗೆ ಬೆಂಕಿ ಇಟ್ರು. ಹತ್ತು ವರ್ಷ ಕಾದ ಮೇಲೆ, 2024ರ ಅಕ್ಟೋಬರ್ 24ರಂದು, ಕೊಪ್ಪಳದ ಜಿಲ್ಲಾ ನ್ಯಾಯಾಲಯ 98 ಜನರಿಗೆ ಜೀವಾವಧಿ, 3 ಜನರಿಗೆ 5 ವರ್ಷ ಶಿಕ್ಷೆ ಕೊಟ್ಟಿತು. ಮುಂದಿನ ತಿಂಗಳೇ ಹೈಕೋರ್ಟಿನ ಧಾರವಾಡ ಪೀಠದಿಂದ ಬಹುತೇಕರಿಗೆ ಜಾಮೀನು ಆಯ್ತು.

ಆ ತೀರ್ಪು ಬರೋ ಎರಡು ತಿಂಗಳ ಮೊದಲಷ್ಟೇ ಯಲಬುರ್ಗಾ ತಾಲ್ಲೂಕಿನ ಸಂಗನಾಳದಲ್ಲಿ ಕಟಿಂಗ್‌ಗೆ ಹೋದ ದಲಿತ ಯುವಕ ಹೆಣವಾಗಿ ಬಂದ. ಕತ್ತರಿಯಿಂದ ಇರಿದ ಆರೋಪದಲ್ಲಿ ಅಂಗಡಿಯವನ ಬಂಧನವಾಯ್ತು. 2021ರಲ್ಲಿ ಕುಷ್ಟಗಿ ತಾಲ್ಲೂಕಿನ ಮಿಯಾಪುರದಲ್ಲಿ ಎರಡು ವರ್ಷದ ಕೂಸು ಗುಡಿಯೊಳಗೆ ಓಡಿದ್ದಕ್ಕೆ ಮನೆಯವರಿಗೆ ದಂಡ ಕೇಳಿದ್ರು. ಗುಡಿಗೆ ಟ್ರೇಡ್ ಲೈಸೆನ್ಸ್ ಇಲ್ಲ, ಸರಿ. ಅಂಗಡಿಗೆ ಐತಲ್ಲ?

ಇಲ್ಲೊಂದು ಮಾತು ನಾವೂ ಅರ್ಥ ಮಾಡ್ಕೋಬೇಕು. ಕ್ಷೌರದಂಗಡಿಯ ಅಣ್ಣ ಕೂಡ ಮೇಲ್ಜಾತಿಯವ ಅಲ್ಲ, ಬಡವ. ‘ಅವರಿಗೆ ಕಟಿಂಗ್ ಮಾಡಿದ್ರೆ ನಾವು ಬರಂಗಿಲ್ಲ’ ಅಂತ ಊರಿನ ಗೌಡರು ಹೆದರಿಸ್ತಾರ. ಅವನು ನಮ್ಮನ್ನು ಕಂಡ ಕೂಡಲೇ ಬಾಗಿಲು ಎಳೀತಾನ. ಅವನ ಅನ್ನ ಕಸಿಯೋದು ನಮ್ಮ ಉದ್ದೇಶ ಅಲ್ಲ. ‘ಗೌಡ್ರ, ಇವರಿಗೆ ಇಲ್ಲ ಅಂದ್ರೆ ನನ್ನ ಲೈಸೆನ್ಸ್ ಹೋಗ್ತೈತ್ರಿ’ ಅಂತ ಅವನು ಹೇಳುವಂತಾಗಬೇಕು. ಆಗ ಅದೇ ಕಾನೂನು ಅವನಿಗೂ ಗುರಾಣಿ. ಬಹಿಷ್ಕಾರದ ಬೆದರಿಕೆ ಹಾಕೋ ಗೌಡರ ಮೇಲೆ ಕೇಸು ಮೊದಲು ಬೀಳಬೇಕು.

ನಾನು ನೋಡಿದ ದೂರುಗಳಲ್ಲಿ ಕಲಂ 8ರ ಹೆಸರೇ ಇರೋದಿಲ್ಲ. ಇನ್ಮೇಲೆ ಬರೀರಿ. ನವೀಕರಣಕ್ಕೆ ಮೊದಲೇ ಪಿಡಿಓಗೆ ಲಿಖಿತ ತಕರಾರು ಕೊಡ್ರಿ: ಯಾವ ದಿನ, ಯಾರಿಗೆ, ಏನಂತ ನಿರಾಕರಿಸಿದ್ರು. ಸ್ವೀಕೃತಿ ತಗೊಳ್ರಿ. ಗ್ರಾಮಸಭೆ ನಡಾವಳಿಯಲ್ಲಿ ಬರೆಸ್ರಿ. ಪ್ರತಿಯನ್ನು ಠಾಣೆಗೆ, ಸಮಾಜ ಕಲ್ಯಾಣ ಇಲಾಖೆಗೆ, ಡಿಸಿ ಅಧ್ಯಕ್ಷತೆಯ ಜಾಗೃತಿ ಸಮಿತಿಗೆ ಕಳಿಸ್ರಿ. ಪಂಚಾಯ್ತಿ ಆ ತಕರಾರು ಮೂಲೆಗೆ ಎಸೀಬಹುದು. ಎಸೆದರೂ ಸ್ವೀಕೃತಿ ನಮ್ಮ ಕೈಯಲ್ಲಿರುತ್ತೆ, ನಾಳೆ ಕೇಸಿನಲ್ಲಿ ಅದು ಸಾಕ್ಷಿ. ‘ನಮಗೆ ಗೊತ್ತೇ ಇರಲಿಲ್ಲ’ ಅಂತ ಆಮೇಲೆ ಯಾವ ಅಧಿಕಾರಿಯೂ ಹೇಳಂಗಿಲ್ಲ.

ಮರಕುಂಬಿಯಲ್ಲಿ ಬೆಂಕಿ ಬಿದ್ದ ಮೇಲೆ ಕಾನೂನು ಎಚ್ಚರ ಆಯ್ತು. ಬೆಂಕಿಗೆ ಮೊದಲು ಎಚ್ಚರ ಮಾಡೋದು ನಮ್ಮ ಕೈಯಲ್ಲೈತಿ.

ಜೈ ಭೀಮ್.