ಎಣಿಸಿ ಬಡಿಸೋ ಉಂಡೆ

ಕೈಮ ಅನ್ನೋ ಪದ ‘ಕೈ’ಯಿಂದ ಬಂದಿದ್ದು ಅಂತ ನಮ್ಮ ತುಮಕೂರು ಕಡೆ ತುಂಬಾ ಜನ ನಂಬಿದ್ದಾರೆ. ಕೈಯಲ್ಲೇ ಕೊಚ್ಚಬೇಕು, ಕೈಯಲ್ಲೇ ನಾದಬೇಕು, ಕೈಯಲ್ಲೇ ಉಂಡೆ ಕಟ್ಟಬೇಕು, ಅದಕ್ಕೇ ಅದು ಕೈಮ. ಕೇಳೋಕೇನೋ ಚೆನ್ನಾಗಿದೆ. ಆದರೆ ಪದ ತುರ್ಕಿ ಭಾಷೆಯದು. ಅಲ್ಲಿ ‘ಕಿಯ್ಮಾ’ ಅಂದ್ರೆ ಸಣ್ಣಗೆ ಕೊಚ್ಚಿದ ಮಾಂಸ. ಅದು ಪಾರಸಿಗೆ ಹೋಗಿ, ಅಲ್ಲಿಂದ ದಖನಿ ಮುಸ್ಲಿಮರ ಬಾಯಲ್ಲಿ ಖೀಮಾ ಆಗಿ, ನಮ್ಮ ಒಲೆ ಮುಂದೆ ಬಂದು ಕೂತಾಗ ಕೈಮ ಆಗಿತ್ತು. ಪಕ್ಕದಲ್ಲಿರೋ ‘ಉಂಡೆ’ ಮಾತ್ರ ಅಪ್ಪಟ ನಮ್ಮದು. ಅದಕ್ಕೆ ಹಾಕೋ ಮೆಣಸಿನಕಾಯಿ ಪೋರ್ಚುಗೀಸರ ಹಡಗಿನಲ್ಲಿ ಅಮೆರಿಕದಿಂದ ಬಂದಿದ್ದು. ಹೀಗೆ ಮೂರು ಖಂಡದ ಸಾಮಾನು ಸೇರಿಸಿ ಮಾಡಿದ ಅಡುಗೆಯನ್ನ ನಾವು ‘ನಮ್ಮೂರ ಪಕ್ಕಾ ನಾಟಿ ಊಟ’ ಅಂತ ಕರೀತೀವಿ. ತಪ್ಪೇನಿಲ್ಲ ಬಿಡಿ, ನಾಟಿ ಆಗೋದೇ ಹಾಗೆ.

ಈ ವಿಷಯ ತಲೆಗೆ ಹೊಕ್ಕಿದ್ದು ಮೀಟ್‌ಲೋಫ್‌ನಿಂದ. ಅಮೆರಿಕದ ಸೀರಿಯಲ್ ನೋಡೋರಿಗೆ ಗೊತ್ತಿರುತ್ತೆ. ಅಮ್ಮ ಓವನ್‌ನಿಂದ ಕಂದು ಬಣ್ಣದ ಇಟ್ಟಿಗೆಯಂಥದ್ದೇನೋ ತೆಗೆದು ಟೇಬಲ್ ಮೇಲೆ ಇಡ್ತಾಳೆ, ಮಕ್ಕಳು ಮುಖ ಕಿವುಚ್ತಾರೆ. ಕೊಚ್ಚಿದ ಮಾಂಸ, ಈರುಳ್ಳಿ, ಮೊಟ್ಟೆ, ಬ್ರೆಡ್ ಪುಡಿ ಕಲಸಿ, ಬ್ರೆಡ್ ಮಾಡೋ ಅಚ್ಚಿಗೆ ಒತ್ತಿ ಬೇಯಿಸೋದು, ಮೇಲೆ ಟೊಮ್ಯಾಟೊ ಕೆಚಪ್ ಬಳಿಯೋದು, ಅಷ್ಟೇ. ನಮ್ಮ ಕೈಮ ಉಂಡೆಗಳನ್ನೆಲ್ಲ ಒಟ್ಟಿಗೆ ಒತ್ತಿ, ಸಾರಿಗೆ ಬಿಡೋ ಬದಲು ಓವನ್‌ಗೆ ನೂಕಿದಂಗೆ. ಬೆಂಗಳೂರಿನ ಕೆಲವು ಕೆಫೆಗಳಲ್ಲಿ ಇದನ್ನೇ ದೊಡ್ಡ ತಟ್ಟೆಯಲ್ಲಿ ಸಣ್ಣದಾಗಿ ಇಟ್ಟು ಕೊಡ್ತಾರೆ. ರೇಟು ಕೇಳಿದ್ರೆ ಕೈಮ ಉಂಡೆ ಮೇಲೆ ಗೌರವ ಹೆಚ್ಚುತ್ತೆ.

ಇದರ ವಂಶ ಹಳೇದು. ರೋಮನ್ನರ ಕಾಲದ, ಆಪಿಸಿಯಸ್ ಹೆಸರಿನ ಅಡುಗೆ ಪುಸ್ತಕದಲ್ಲೇ ಕೊಚ್ಚಿದ ಮಾಂಸಕ್ಕೆ ವೈನಿನಲ್ಲಿ ನೆನೆಸಿದ ಬ್ರೆಡ್ ಸೇರಿಸಿ ಉಂಡೆ ಕಟ್ಟೋ ವಿಧಾನ ಇದೆ. ಹತ್ತೊಂಬತ್ತನೇ ಶತಮಾನದಲ್ಲಿ ಹಿಡಿ ತಿರುಗಿಸಿ ಮಾಂಸ ಅರೆಯೋ ಯಂತ್ರ ಬಂದ ಮೇಲೆ ಇದು ಮನೆಮನೆಗೂ ಇಳೀತು. (ಆ ಯಂತ್ರದ ಕೀರ್ತಿಯನ್ನ ಕಾರ್ಲ್ ಡ್ರೈಸ್ ಅನ್ನೋ ಜರ್ಮನ್‌ಗೆ ಕೊಡ್ತಾರೆ, ಸೈಕಲ್ಲಿನ ಮುತ್ತಜ್ಜನನ್ನ ಮಾಡಿದ ಅದೇ ಡ್ರೈಸ್.) 1896ರಲ್ಲಿ ಬಂದ ಫ್ಯಾನಿ ಫಾರ್ಮರ್ ಅವರ ಅಡುಗೆ ಪುಸ್ತಕದಲ್ಲಿ ಎಳೇ ಕರುವಿನ ಮಾಂಸದ ಲೋಫ್ ಇದೆ. ಆದರೆ ಮೀಟ್‌ಲೋಫ್ ಅಮೆರಿಕದ ಮನೆಯೂಟ ಆಗಿ ಗಟ್ಟಿಯಾಗಿದ್ದು 1929ರ ಆರ್ಥಿಕ ಕುಸಿತದ ನಂತರ. ಕೈಯಲ್ಲಿ ಕಾಸಿಲ್ಲ, ಮನೆ ತುಂಬ ಬಾಯಿಗಳು. ಇದ್ದ ಮಾಂಸಕ್ಕೆ ಒಣ ಬ್ರೆಡ್ಡೋ ಓಟ್ಸೋ ಸೇರಿಸಿ ಹೆಚ್ಚು ಮಾಡು, ಚಾಕುವಿನಲ್ಲಿ ಸಮ ಹೋಳು ಮಾಡಿ ಹಂಚು. ಬಡತನದ ಗಣಿತ ಅದು.

ನಮ್ಮ ಅಡುಗೆಮನೆಯಲ್ಲಿ ಬ್ರೆಡ್ಡಿನ ಜಾಗದಲ್ಲಿ ಹುರಿಗಡಲೆ ಕೂತಿದೆ. ಕೆಲಸ ಒಂದೇ, ಮಾಂಸದಿಂದ ಬಿಡೋ ರಸ ಹೀರಿಕೊಂಡು ಉಂಡೆ ಒಡೀದಂಗೆ ಹಿಡಿಯೋದು, ಜೊತೆಗೆ ಅರ್ಧ ಕೆ.ಜಿ.ಯನ್ನ ಮುಕ್ಕಾಲು ಕೆ.ಜಿ.ಯಂತೆ ಕಾಣಿಸೋದು. ಗುಬ್ಬಿ, ತಿಪಟೂರು ಕಡೆ ತೆಂಗು ಬೇಕಾದಷ್ಟು ಇರೋದ್ರಿಂದ ಕಾಯಿಯೂ ಸೇರ್ಕೊಳ್ತು.

ಹಾಗಾದ್ರೆ ಕನ್ನಡ ನಾಡಿನಲ್ಲಿ ಇದರ ದಾಖಲೆ ಎಲ್ಲಿದೆ ಅಂತ ಹುಡುಕಿದ್ರೆ ಸಿಗೋದು ಒಂದು ರಾಜನ ಪುಸ್ತಕ. ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ ಬರೆಸಿದ ‘ಮಾನಸೋಲ್ಲಾಸ’, ಕಾಲ ಸುಮಾರು 1129. ಸಂಸ್ಕೃತದಲ್ಲಿದೆ, ನೂರು ಅಧ್ಯಾಯ, ಅದರಲ್ಲಿ ‘ಅನ್ನಭೋಗ’ ಅನ್ನೋ ಭಾಗ ಊಟದ್ದು. ಪ್ರತಿ ವರ್ಷ ಯಾವುದಾದರೂ ಪೇಪರಿನಲ್ಲಿ ‘ಇಡ್ಲಿ ದೋಸೆ ನಮ್ಮವೇ, ಮಾನಸೋಲ್ಲಾಸದಲ್ಲೇ ಇವೆ’ ಅಂತ ಲೇಖನ ಬರುತ್ತಲ್ಲ, ಅದೇ ಪುಸ್ತಕ. ಆ ಲೇಖನಗಳು ಹೇಳದೇ ಬಿಡೋ ಮಾತೂ ಒಂದಿದೆ. ಇಡ್ಲಿ, ದೋಸೆ ಇರೋ ಅದೇ ಅನ್ನಭೋಗದಲ್ಲಿ ಕುರಿ, ಜಿಂಕೆ, ಹಂದಿ, ಮೊಲ, ಮೀನು, ಆಮೆ, ಅಷ್ಟೇ ಯಾಕೆ, ಹೊಲದ ಇಲಿಯ ಅಡುಗೆಯೂ ಇದೆ. ಮಾಂಸವನ್ನ ನುಣ್ಣಗೆ ಕೊಚ್ಚಿ ಮಸಾಲೆ ಸೇರಿಸಿ ಉಂಡೆ ಮಾಡೋದು, ಬದನೆಕಾಯಿ ಒಳಗೆ ತುಂಬಿ ಎಣ್ಣೆಯಲ್ಲಿ ಕರಿಯೋದು, ಎಲ್ಲ ಇದೆ. ಮೆಣಸಿನಕಾಯಿ ಇನ್ನೂ ಬಂದಿರಲಿಲ್ಲ, ಖಾರಕ್ಕೆ ಕಾಳುಮೆಣಸು. ಇಡ್ಲಿಯನ್ನ ಎತ್ತಿಕೊಂಡು ಪಕ್ಕದ ತಟ್ಟೆಗೆ ಬಟ್ಟೆ ಮುಚ್ಚೋದನ್ನ ಇತಿಹಾಸ ಅನ್ನೋಕಾಗಲ್ಲ ಅನ್ನೋದು ನನ್ನ ತಕರಾರು.

ಇನ್ನು ಕನ್ನಡದಲ್ಲೇ ಬರೆದ ಪಾಕದ ಪುಸ್ತಕಗಳಿಗೆ ಬಂದ್ರೆ, ಸುಮಾರು 1025ರ ಇಮ್ಮಡಿ ಚಾವುಂಡರಾಯನ ‘ಲೋಕೋಪಕಾರ’ದ ಪಾಕಭಾಗದಲ್ಲೂ, 1508ರ ಮೂರನೇ ಮಂಗರಸನ ‘ಸೂಪಶಾಸ್ತ್ರ’ದಲ್ಲೂ ಇರೋದು ಸಸ್ಯಾಹಾರ. ಮಂಗರಸ ಜೈನ, ಬದನೆಕಾಯಿಯನ್ನೇ ಎಷ್ಟೊಂದು ಬಗೆಯಲ್ಲಿ ಮಾಡಬಹುದು ಅಂತ ಷಟ್ಪದಿಯಲ್ಲಿ ಬರೆದ ರಸಿಕ. ಅವನ ಮೇಲೆ ದೂರೇನಿಲ್ಲ. ಆದರೆ ನಮ್ಮ ಕೈಮ ಉಂಡೆಗೆ ಸಿಕ್ಕಿದ್ದು ಏನು? ಸಂಸ್ಕೃತದಲ್ಲಿ ಅರಮನೆಯ ಒಂದು ಸಾಲು, ಆಮೇಲೆ ತುಂಬಾ ಹೊತ್ತು ಮೌನ. ಅದನ್ನ ದಿನಾ ಮಾಡ್ತಿದ್ದವರಿಗೆ ಬರೆಯೋಕೆ ಬರ್ತಿರಲಿಲ್ಲ, ಬರೆಯೋಕೆ ಬರ್ತಿದ್ದವರು ಬಹುಪಾಲು ಅದನ್ನ ತಿಂತಿರಲಿಲ್ಲ, ತಿಂದವರೂ ಬರೀಲಿಲ್ಲ.

ಬರಹದಲ್ಲಿ ಇಲ್ಲದ್ದು ಪದದಲ್ಲಿ ಉಳಿದಿರುತ್ತೆ. ತುಮಕೂರಿನಿಂದ ಶಿರಾಕ್ಕೆ ಈಗ ಹೈವೇಯಲ್ಲಿ ಒಂದು ಗಂಟೆ ದಾರಿ. 1638ರ ಹೊತ್ತಿಗೆ ಬಿಜಾಪುರದ ಸೇನಾಪತಿ ರಣದುಲ್ಲಾ ಖಾನ್ ಈ ಕಡೆ ಬಂದ, 1687ರಲ್ಲಿ ಔರಂಗಜೇಬನ ಖಾಸಿಂ ಖಾನ್ ಶಿರಾವನ್ನ ಮೊಗಲರ ಸುಬಾದ ರಾಜಧಾನಿ ಮಾಡಿದ. ಮೈಸೂರಿನ ಚಿಕ್ಕದೇವರಾಜ ಒಡೆಯರಿಗೆ ಬೆಂಗಳೂರನ್ನ ಮೂರು ಲಕ್ಷಕ್ಕೆ ಮಾರಿದ್ನಲ್ಲ, ಅದೇ ಖಾಸಿಂ ಖಾನ್. ಆಮೇಲೆ ಹೈದರ್, ಟಿಪ್ಪು. ಕಚೇರಿಗೆ ಜಮೀನು, ತಾಲ್ಲೂಕು, ದಾಖಲೆ ಬಂದ ದಾರಿಯಲ್ಲೇ ಅಡುಗೆಮನೆಗೆ ಕುರ್ಮಾ, ಪಲಾವು, ಕೈಮ ಬಂದವು. ಉಂಡೆ ಕಟ್ಟೋದನ್ನ ಯಾರೂ ಬಂದು ಕಲಿಸಬೇಕಾಗಿರಲಿಲ್ಲ, ಅದು ಸೋಮೇಶ್ವರನ ಕಾಲದಲ್ಲೇ ಇತ್ತು. ಹೊಸ ಹೆಸರು ಬಂತು, ಹಳೇ ಉಂಡೆ ಅದನ್ನ ಹಾಕಿಕೊಂಡಿತು. ಇನ್ನೊಂದು ಕವಲು ಬೆಂಗಳೂರು ದಂಡಿನದು. 1809ರಲ್ಲಿ ಕಂಟೋನ್ಮೆಂಟ್ ಬಂದ ಮೇಲೆ ಬೆಳೆದ ಆಂಗ್ಲೋ ಇಂಡಿಯನ್ ಮನೆಗಳಲ್ಲಿ ಇದೇ ಉಂಡೆ ಬಾಲ್ ಕರಿ ಆಗಿ, ಕಾಯಿಹಾಲಿನ ಹಳದಿ ಅನ್ನದ ಜೊತೆ ಭಾನುವಾರದ ಊಟ ಆಯ್ತು. ನಮ್ಮಲ್ಲಿ ಅದು ಮುದ್ದೆ ಜೊತೆ ಉಳೀತು.

ನಮ್ಮಲ್ಲಿ ಅಂದ್ರೆ ಶೆಟ್ಟಿಹಳ್ಳಿಯಲ್ಲಿ. ಈಗ ಅದು ತುಮಕೂರು ಸಿಟಿಯ ಒಂದು ಏರಿಯಾ. ನಮ್ಮಜ್ಜಿ ಮದುವೆಯಾಗಿ ಬಂದಾಗ ನಿಜವಾಗ್ಲೂ ಹಳ್ಳಿ. ಅಲ್ಲಿ ವರ್ಷಕ್ಕೊಂದು ದೊಡ್ಡ ಬಾಡೂಟ ಅಂದ್ರೆ ಯುಗಾದಿ ಮಾರನೇ ದಿನದ ಹೊಸತೊಡಕು. ಹಳೇ ಮೈಸೂರಿನ ಕಡೆಯವರಿಗೆ ಗುಡ್ಡೆ ಮಾಂಸದ ಬಗ್ಗೆ ಹೇಳಬೇಕಿಲ್ಲ, ಉಳಿದವರಿಗಾಗಿ ಹೇಳ್ತೀನಿ. ಹತ್ತಿಪ್ಪತ್ತು ಮನೆಯವರು ವರ್ಷವಿಡೀ ಚೀಟಿ ಕಟ್ಟಿ, ದುಡ್ಡು ಕೂಡಿಸಿ, ಕುರಿ ತಂದು, ಬೆಳಗಿನ ಜಾವ ಕುಯ್ದು, ಎಷ್ಟು ಮನೆಯೋ ಅಷ್ಟು ಗುಡ್ಡೆ ಹಾಕ್ತಾರೆ. ಪ್ರತಿ ಗುಡ್ಡೆಗೂ ಮೂಳೆ, ಮೆತ್ತನೆ ಮಾಂಸ, ಈಲಿ, ಕೊಬ್ಬು ಎಲ್ಲ ಬೀಳಬೇಕು. ತಕ್ಕಡಿ ಇಲ್ಲದ ಕಾಲದಲ್ಲಿ ಕಣ್ಣಳತೆ. ಒಂದು ಚೂರು ಈ ಗುಡ್ಡೆಯಿಂದ ತೆಗೆದು ಆ ಗುಡ್ಡೆಗೆ, ಅಲ್ಲಿಂದ ಇನ್ನೊಂದಕ್ಕೆ, ಎಲ್ಲರೂ ‘ಆಯ್ತು’ ಅನ್ನೋವರೆಗೂ. ನಾನು ನೋಡಿದ ಯಾವ ಹೌಸಿಂಗ್ ಸೊಸೈಟಿ ಮೀಟಿಂಗೂ ಅಷ್ಟು ನ್ಯಾಯವಾಗಿ ನಡೆದಿಲ್ಲ.

ಗುಡ್ಡೆ ಮನೆಗೆ ಬಂದ ಮೇಲೆ ಎರಡನೇ ಹಂಚಿಕೆ. ಮೂಳೆ ಪೀಸಿನ ಸಾರಿನಲ್ಲಿ ಸಮ ಅನ್ನೋದೇ ಇರಲ್ಲ. ಒಬ್ಬರಿಗೆ ನಲ್ಲಿ ಮೂಳೆ, ಒಬ್ಬರಿಗೆ ಬರೀ ಕೊಬ್ಬು, ಕೊನೆಗೆ ಕೂತೋರಿಗೆ ಸೌಟಿಗೆ ಸಿಕ್ಕಿದ್ದು. ಆದರೆ ಉಂಡೆಯನ್ನ ಎಣಿಸಬಹುದು. ಅವಿಭಕ್ತ ಕುಟುಂಬದ ಹದಿನಾರು ಜನಕ್ಕೆ ಅಜ್ಜಿ ಮೆತ್ತನೆ ಮಾಂಸ ಎತ್ತಿಟ್ಟು ಕೈಮ ಮಾಡ್ತಿದ್ದಿದ್ದು ರುಚಿಗೆ ಅಂತ ನಾವೆಲ್ಲ ಅಂದ್ಕೊಂಡಿದ್ವಿ. ಕೇಳಿದ್ರೆ ಅವರು ಹೇಳಿದ್ದು ಬೇರೆ: ‘ಪೀಸ್ ಆದ್ರೆ ಜಗಳ ಆಡ್ತಾರೆ ಕಣಪ್ಪ, ಉಂಡೆ ಆದ್ರೆ ಬಾಯ್ ಮುಚ್ಕೊಂಡ್ ತಿಂತಾರೆ.’ ಅರಮನೆಯಲ್ಲಿ ಕೊಚ್ಚಿದ ಮಾಂಸ ಹಲ್ಲಿಗೆ ಸುಖ. ಮನೆಯಲ್ಲಿ ಅದು ಜಗಳ ಬಿಡಿಸೋ ಸಾಧನ. ಈ ವ್ಯತ್ಯಾಸ ನನಗೆ ಯಾವ ಪುಸ್ತಕದಲ್ಲೂ ಸಿಕ್ಕಿರಲಿಲ್ಲ.

ಎಣಿಕೆ ಹೀಗಿತ್ತು. ಗಂಡಸರಿಗೆ ನಾಲ್ಕು, ಮಕ್ಕಳಿಗೆ ಎರಡು, ಬಂದ ನೆಂಟರಿಗೆ ಕೇಳಿದಷ್ಟು. ಸೊಸೆಯರಿಗೆ? ‘ನಮಗೇನು, ಸಾರಿದ್ರೆ ಸಾಕು. ತಳದಲ್ಲಿ ಒಡೆದಿರೋವು ಇರ್ತಿದ್ವಲ್ಲ.’ ಒಡೆದ ಉಂಡೆ ಲೆಕ್ಕಕ್ಕಿಲ್ಲ, ಅದಕ್ಕೇ ಅದು ಮಾಡಿದವರ ಪಾಲು. ಊರ ಗುಡ್ಡೆಯಲ್ಲಿ ಒಂದು ಚೂರೂ ಹೆಚ್ಚುಕಮ್ಮಿ ಆಗದಂತೆ ನೋಡ್ತಿದ್ದ ಜನವೇ ಮನೆಯೊಳಗಿನ ಈ ಲೆಕ್ಕವನ್ನ ಪ್ರಶ್ನೆ ಮಾಡಲಿಲ್ಲ. ಉಂಡೆ ಯಾಕೆ ಯಾವಾಗ್ಲೂ ಸ್ವಲ್ಪ ಒಡೀತಿತ್ತು, ಅದೂ ಬೇಕೂಂತಲೇ ಇದ್ದಿರಬಹುದಾ ಅಂತ ಕೇಳಿದೆ. ಅಜ್ಜಿ ನಕ್ಕರು, ಉತ್ತರ ಕೊಡಲಿಲ್ಲ.

ಆ ಕೆಲಸ ಸಣ್ಣದಲ್ಲ. ಮಚ್ಚಿನಲ್ಲಿ ಕೊಚ್ಚಿ, ಒರಳಿನಲ್ಲಿ ಮಸಾಲೆ ರುಬ್ಬಿ, ಅದರಲ್ಲೇ ಮಾಂಸ ಹಾಕಿ ತಿರುವೋದು. ಅಜ್ಜಿಯ ಬಲಗೈ ಹೆಬ್ಬೆರಳಿನ ಗಂಟು ಈಗಲೂ ಬಾಗಿದೆ. ಈಗ ಮಟನ್ ಅಂಗಡಿಯವನು ಎರಡು ನಿಮಿಷದಲ್ಲಿ ಮೆಷಿನ್‌ಗೆ ಹಾಕಿ ಕೊಡ್ತಾನೆ. ಹಳೇ ಒರಳಿನ ರುಚಿ ಬರಲ್ಲ ಅಂತ ಹಾಡು ಹೇಳೋ ಗಂಡಸರನ್ನ ಒಂದು ಸಲ ಒರಳಿನ ಮುಂದೆ ಕೂರಿಸಬೇಕು.

ನಗರದಲ್ಲಿ ಇದಕ್ಕೆ ಬೇರೆ ತೊಂದರೆ. ನಾನು ಬೆಂಗಳೂರಿನಲ್ಲಿದ್ದ ಮೊದಲ ಬಾಡಿಗೆ ಮನೆ ‘ವೆಜ್ ಓನ್ಲಿ’. ಅಗ್ರಿಮೆಂಟಿಗೆ ಸಹಿ ಹಾಕುವಾಗ ಅಜ್ಜಿ ಸ್ಟೀಲ್ ಡಬ್ಬಿಯಲ್ಲಿ ಕಟ್ಟಿಕೊಟ್ಟ ಉಂಡೆ ಬ್ಯಾಗಿನಲ್ಲೇ ಇತ್ತು. ಎರಡು ವರ್ಷ ಅಲ್ಲಿ ಚಕ್ಕೆ ಲವಂಗ ಹುರಿದಾಗಲೆಲ್ಲ ಎಕ್ಸಾಸ್ಟ್ ಫ್ಯಾನ್ ಹಾಕಿ, ಊದುಬತ್ತಿ ಹಚ್ಚಿ, ತರಕಾರಿ ಪಲಾವು ಅಂತ ನಟಿಸಿದ್ದೀನಿ. ಮಾನಸೋಲ್ಲಾಸದ ಮೇಲಿನ ಬಟ್ಟೆ ಅಂತ ಆಗಲೇ ಹೇಳಿದ್ನಲ್ಲ, ಅದನ್ನ ನಾವು ನಮ್ಮ ಪಾತ್ರೆ ಮೇಲೂ ಹಾಕ್ಕೊಂಡಿದ್ದೀವಿ.

ಅಜ್ಜಿಗೆ ಎಂಬತ್ತೆರಡು. ಅವರ ಅಳತೆ ಎಲ್ಲ ‘ಒಂದ್ ಹಿಡಿ’, ‘ಒಂದ್ ಚೂರು’. ಹೋದ ಯುಗಾದಿಗೆ ಅಡುಗೆಮನೆ ತಕ್ಕಡಿ ತಗೊಂಡು ಹೋಗಿ, ಅವರ ಪ್ರತಿ ಹಿಡಿಯನ್ನೂ ಪಾತ್ರೆಗೆ ಬೀಳೋ ಮುಂಚೆ ತೂಗಿದೆ. ಅರ್ಧ ಕೆ.ಜಿ. ಕೈಮಕ್ಕೆ ಹುರಿಗಡಲೆ ಪುಡಿ 45 ಗ್ರಾಂ (ನನ್ನ ಹಿಡಿ 60, ಅಷ್ಟು ಹಾಕಿದ್ರೆ ಉಂಡೆ ಕಲ್ಲಾಗುತ್ತೆ). ಕಾಯಿತುರಿ 50, ಗಸಗಸೆ ಒಂದು ಚಮಚ. ನಾಲ್ಕು ಹಸಿಮೆಣಸಿನಕಾಯಿ, ಎಂಟು ಎಸಳು ಬೆಳ್ಳುಳ್ಳಿ, ಶುಂಠಿ, ಎರಡು ಚಕ್ಕೆ, ನಾಲ್ಕು ಲವಂಗ, ಹಿಡಿ ಕೊತ್ತಂಬರಿ, ನಾಲ್ಕು ಎಲೆ ಪುದೀನ. ಮಾಂಸ ತೊಳೆಯೋದಿದ್ರೆ ಕೊಚ್ಚೋ ಮುಂಚೆ ತೊಳೀಬೇಕು, ಆಮೇಲೆ ನೀರು ತಾಕಿಸಬಾರದು. ಉಪ್ಪು ಹಾಕಿ ಐದು ನಿಮಿಷ ಬಿಡದೆ ನಾದಬೇಕು, ಉಪ್ಪಿಗೆ ಮಾಂಸ ಅಂಟು ಬಿಡುತ್ತೆ, ಉಂಡೆಯನ್ನ ಹುರಿಗಡಲೆಗಿಂತ ಹೆಚ್ಚು ಹಿಡಿಯೋದು ಅದೇ. ನಿಂಬೆಗಿಂತ ಚಿಕ್ಕ ಉಂಡೆ ಕಟ್ಟಿ, ಸಾರು ಕೊತಕೊತ ಕುದಿಯುವಾಗ ಮೊದಲು ಒಂದನ್ನ ಬಿಟ್ಟು ನೋಡಿ. ಅದು ನಿಂತರೆ ಉಳಿದವನ್ನ ಬಿಡಿ. ಹದಿನೈದು ನಿಮಿಷ ಸೌಟು ಮುಟ್ಟಬೇಡಿ, ಬಟ್ಟೆಯಲ್ಲಿ ಪಾತ್ರೆಯ ಕಿವಿ ಹಿಡಿದು ಮೆಲ್ಲಗೆ ಕುಲುಕಿ ಸಾಕು.

ಇಪ್ಪತ್ತನಾಲ್ಕು ಉಂಡೆ ಆಯ್ತು, ಒಂದೂ ಒಡೀಲಿಲ್ಲ. ಮನೆಯಲ್ಲಿದ್ದಿದ್ದು ಆರು ಜನ, ಅಜ್ಜಿಯನ್ನ ಮೊದಲು ಕೂರಿಸಿ ನಾಲ್ಕು ಬಡಿಸಿದ್ವಿ. ಎರಡನ್ನ ಎತ್ತಿ ನನ್ನ ತಮ್ಮನ ಮಗನ ತಟ್ಟೆಗೆ ಹಾಕಿದ್ರು. ಉಳಿದೆರಡನ್ನ ಮುದ್ದೆ ಜೊತೆ ನಿಧಾನಕ್ಕೆ ತಿಂದು, ಗಸಗಸೆ ಇನ್ನೊಂದ್ ಚೂರು ಬೇಕಾಗಿತ್ತು ಅಂದ್ರು.